ಅಂಕಿಗಳಿಗೆ ಬಣ್ಣ ತೊಡಿಸಿದ ಸಾಧ್ವಿ

ದೀಪಧಾರಿಣಿಯೆಂದು ಲೋಕವು ಕೊಂಡಾಡುವ ಫ್ಲಾರೆನ್ಸ್ ನೈಟಿಂಗೇಲಳು 1820 ನೆಯ ಇಸವಿಯ ಮೇ 12 ರಂದು ಇಟಲಿಯ ಫ್ಲಾರೆನ್ಸ್ ಪಟ್ಟಣದಲ್ಲಿ ಶ್ರೀಮಂತ ಆಂಗ್ಲ ಕುಟುಂಬದಲ್ಲಿ ಜನಿಸಿದಳು. ಹೆಣ್ಣುಮಗಳಿಗೆ ಗಣಿತವೇಕೆಂದು ತಾಯಿಯು ಅಡ್ಡಬಂದರೂ ಬಿಡದೆ ಅದನ್ನು ಕಲಿತಳು. ದೇವರು ತನ್ನನ್ನು ಸೇವೆಗೆ ಕರೆದನೆಂದು 16 ನೆಯ ವಯಸ್ಸಿನಲ್ಲಿಯೇ ನಂಬಿದಳು.

ಕ್ರಿಮಿಯಾ ಯುದ್ಧಕಾಲದಲ್ಲಿ, 1854 ರಲ್ಲಿ, 38 ಮಂದಿ ಸ್ತ್ರೀಯರೊಡನೆ ತುರ್ಕಸ್ಥಾನದ ಸ್ಕುಟಾರಿಯ ದಂಡಿನ ಆಸ್ಪತ್ರೆಗೆ ಹೋದಳು. ಶತ್ರುವಿನ ಗುಂಡಿಗಿಂತ ಹೊಲಸಿನ ರೋಗಗಳೇ ಹೆಚ್ಚು ಸಿಪಾಯಿಗಳನ್ನು ಕೊಂದಿದ್ದವು. ಸ್ವದೇಶಕ್ಕೆ ಮರಳಿ, ವಿಲಿಯಂ ಫಾರ್ ಎಂಬ ಪಂಡಿತನ ನೆರವಿನಿಂದ ಆ ಮರಣಗಳ ಲೆಕ್ಕವನ್ನು ಕೂಡಿಸಿದಳು. ಆದರೆ ಅಂಕಿಗಳ ಉದ್ದ ಪಟ್ಟಿಯನ್ನು ಯಾರು ಓದುವರು? ಆದುದರಿಂದ 1858 ರಲ್ಲಿ ಅವನ್ನು ಚಕ್ರಾಕಾರದ ಚಿತ್ರವಾಗಿ ಅಚ್ಚುಹಾಕಿಸಿದಳು. ತಿಂಗಳಿಗೊಂದರಂತೆ ವರ್ಷಕ್ಕೆ 12 ಹೋಳುಗಳು. ತಡೆಯಬಹುದಾಗಿದ್ದ ರೋಗಕ್ಕೆ ನೀಲಿ, ಗಾಯಕ್ಕೆ ಕೆಂಪು, ಉಳಿದ ಕಾರಣಗಳಿಗೆ ಕಪ್ಪು. ನೀಲಿಯೇ ಹಬ್ಬಿದ್ದಿತು. ಆ ಚಿತ್ರವನ್ನು ಅಧಿಕಾರವುಳ್ಳವರ ಕೈಗೆ ಮುಟ್ಟಿಸಿದಳು. ಕ್ರಮೇಣ ದಂಡಿನ ವಸತಿಗಳೂ ಆಸ್ಪತ್ರೆಗಳೂ ಶುಚಿಯಾದವು, ಮರಣಗಳು ತಗ್ಗಿದವು. ಅದೇ ವರ್ಷ ಲಂಡನ್ನಿನ ಅಂಕಿಸಂಖ್ಯಾ ಸಂಘವು ಈಕೆಯನ್ನು ತನ್ನ ಮೊದಲ ಸ್ತ್ರೀ ಸದಸ್ಯಳನ್ನಾಗಿ ಆರಿಸಿತು.

ಹಿಂದುಸ್ಥಾನವನ್ನು ಕಣ್ಣಾರೆ ಕಾಣದಿದ್ದರೂ, ಇಲ್ಲಿಯ ಜನರ ಆರೋಗ್ಯಕ್ಕಾಗಿ ಬಹುವರ್ಷ ಬರೆದು ದುಡಿದ ಈಕೆಯು 1910 ನೆಯ ಆಗಸ್ಟ್ 13 ರಂದು ಪ್ರಭುವಿನಲ್ಲಿ ನಿದ್ರೆಹೋದಳು.

ಇಂದು ವ್ಯಾಪಾರಸ್ಥರು ಸರಕು ಮಾರಲು ಇಂಥ ಬಣ್ಣದ ಅಂಕಿಚಿತ್ರಗಳನ್ನು ಊರೂರಿಗೆ ಹಂಚುತ್ತಾರೆ; ಈಕೆಯಾದರೋ ಪ್ರಾಣ ಉಳಿಸಲು ಹಂಚಿದಳು. ಗಣಿತವು ನಮಗೇಕೆಂದು ಕೇಳುವ ಗುಡಗೇರಿಯ ಬಾಲಿಕೆಯರೇ, ದೀಪದೊಡನೆ ಈಕೆಯ ಲೆಕ್ಕದ ಪುಸ್ತಕವನ್ನೂ ನೆನೆಯಿರಿ.