ಶಾರ್ಲ್ ಕೂಲಂಬ್ ಪಂಡಿತನ ಚರಿತ್ರೆ

ಕೊಪ್ಪಳದ ಬೆಟ್ಟದ ಕೋಟೆಯನ್ನು ಕಾಣದವರು ನಮ್ಮ ವಾಚಕರಲ್ಲಿ ವಿರಳ. 1786ರಲ್ಲಿ ಟೀಪೂ ಸುಲ್ತಾನನು ಈ ದುರ್ಗವನ್ನು ವಶಪಡಿಸಿಕೊಂಡು, ಫ್ರೆಂಚ್ ಶಿಲ್ಪಜ್ಞರ ಸಹಾಯದಿಂದ ಅದರ ಕೆಳಗಣ ಕೋಟೆಯನ್ನು ಪುನಃ ಕಟ್ಟಿಸಿದನು. 1790ರಲ್ಲಿ ಇಂಗ್ಲಿಷರೂ ನಿಜಾಮರೂ ಕೂಡಿ ಮುತ್ತಿದಾಗ ಅದು ಸುಮಾರು ಆರು ತಿಂಗಳು ಎದೆಗೊಟ್ಟು ನಿಂತಿತು. ಅದೇ ಕಾಲದಲ್ಲಿ ಫ್ರಾನ್ಸ್ ದೇಶದಲ್ಲಿ, ದುರ್ಗನಿರ್ಮಾಣದ ವಿದ್ಯೆಯಲ್ಲಿ ಪಳಗಿದ ಒಬ್ಬ ಪುರುಷನು, ಕಲ್ಲು ಏಕೆ ಒಡೆಯುವುದು, ಗೋಡೆ ಏಕೆ ಉರುಳುವುದು ಎಂಬುದನ್ನು ಲೆಕ್ಕಕ್ಕೆ ತಂದಿದ್ದನು. ಆತನೇ ಶಾರ್ಲ್ ಆಗಸ್ಟಿನ್ ಕೂಲಂಬ್. ವಿದ್ಯುತ್ತಿನ ಪಾಠದಲ್ಲಿ ಆತನ ಹೆಸರನ್ನು ನಮ್ಮ ಬಾಲಿಕೆಯರೆಲ್ಲರೂ ಓದಿರುವರು. ಆತನ ಜೀವಿತವನ್ನು ಅರಿತವರು ಕಡಮೆ.

ಕೂಲಂಬನು 1736ನೆಯ ಜೂನ್ 14ರಂದು ಆಂಗೂಲೇಮ್ ಪಟ್ಟಣದಲ್ಲಿ ಜನಿಸಿದನು. ತಂದೆಯು ವ್ಯಾಪಾರದ ದುಡುಕಿನಿಂದ ಹಣವನ್ನು ಕಳೆದುಕೊಂಡನು. ಮಗನು ಮೆಜಿಯೇರ್ ನಗರದ ಸೈನಿಕ ಶಿಲ್ಪಶಾಲೆಯಲ್ಲಿ ಕಲಿತು, 1764ರಲ್ಲಿ ಮಾರ್ಟಿನೀಕ್ ದ್ವೀಪಕ್ಕೆ ಹೋಗಿ, ಎಂಟು ವರ್ಷ ಅಲ್ಲಿಯ ಕೋಟೆಯ ಕೆಲಸದಲ್ಲಿ ದುಡಿದನು. ಜ್ವರವು ಪದೇ ಪದೇ ಬಾಧಿಸಿ, ಆತನ ಆರೋಗ್ಯವು ಕೆಟ್ಟಿತು. ಅದು ಮುಂದೆ ಪೂರ್ಣವಾಗಿ ಸುಧಾರಿಸಲೇ ಇಲ್ಲ.

ಆದರೆ ಆ ಕಷ್ಟವು ವ್ಯರ್ಥವಾಗಲಿಲ್ಲ. ಸ್ವದೇಶಕ್ಕೆ ಮರಳಿ, 1773ರಲ್ಲಿ ಪ್ಯಾರಿಸಿನ ವಿಜ್ಞಾನ ಪರಿಷತ್ತಿಗೆ ಒಂದು ಪ್ರಬಂಧವನ್ನು ಅರ್ಪಿಸಿದನು. ಕಲ್ಲುಮಣ್ಣುಗಳು ಜಾರದಂತೆ ತಡೆಯುವ ಶಕ್ತಿಗಳು ಎರಡು: ಕಣಕಣಗಳ ಅಂಟು ಒಂದು, ಉಜ್ಜಾಟದ ತಡೆ ಮತ್ತೊಂದು. ಕಣದಲ್ಲಿ ಸುರಿದ ಜೋಳದ ರಾಶಿಯಲ್ಲಿ ಅಂಟಿಲ್ಲ, ಉಜ್ಜಾಟ ಮಾತ್ರವಿದೆ. ಆದಕಾರಣ ಅದು ಒಂದು ಇಳಿಜಾರಿನವರೆಗೆ ನಿಂತು, ಮೀರಿದೊಡನೆ ಜಾರುತ್ತದೆ. ಬಂಡೆಯಲ್ಲಿ ಎರಡೂ ಇರುವುದರಿಂದ ಅದು ನೆಟ್ಟಗೆ ನಿಲ್ಲಬಲ್ಲದು.

ತರುವಾಯ ರೋಶ್‌ಫೋರ್ ಬಂದರಿನ ಹಡಗುಕಟ್ಟೆಯಲ್ಲಿ ಮರ, ಲೋಹ, ಹಗ್ಗಗಳನ್ನಿಟ್ಟು ಪ್ರಯೋಗಗಳನ್ನು ನಡೆಸಿ, 1781ರಲ್ಲಿ ಪರಿಷತ್ತಿನ ಬಹುಮಾನವನ್ನು ಪಡೆದನು. ಭಾರವು ಇಮ್ಮಡಿಯಾದರೆ ಘರ್ಷಣೆಯೂ ಇಮ್ಮಡಿಯಾಗುವುದು. ತಗಲುವ ಮೈ ಅಗಲವಾದರೂ ಕಿರಿದಾದರೂ ಹೆಚ್ಚು ಭೇದವಿಲ್ಲ. ಒಂದರ ಮೇಲೊಂದು ಬಹುಕಾಲ ಕೂತ ಮರವನ್ನು ಕದಲಿಸುವುದು ಹೆಚ್ಚು ಕಠಿಣ. ಇವು ಆತನು ದೃಢಪಡಿಸಿದ ಸಂಗತಿಗಳು.

1783ರಲ್ಲಿ ಬ್ರಿಟನಿ ಪ್ರಾಂತದ ಕಾಲುವೆ ಬಂದರುಗಳ ಯೋಜನೆಯನ್ನು ಪರೀಕ್ಷಿಸಲು ಕೂಲಂಬನನ್ನು ನೇಮಿಸಿದರು. ವೆಚ್ಚಕ್ಕೆ ತಕ್ಕ ಫಲವಿಲ್ಲವೆಂದು ಆತನು ನಿರ್ಭಯವಾಗಿ ವರದಿಮಾಡಿದನು. ಅಧಿಕಾರಿಗಳಿಗೆ ಅದು ಹಿಡಿಸದೆ, ಒಂದು ವಾರ ಸೆರೆಮನೆಯಲ್ಲಿರಬೇಕಾಯಿತು. ಆದರೂ ಆತನು ತನ್ನ ಲೆಕ್ಕವನ್ನು ತಿದ್ದಲಿಲ್ಲ. ತರುವಾಯ ಬ್ರಿಟನಿಯವರು ಸತ್ಯವನ್ನು ಅರಿತು ದೊಡ್ಡ ಉಡುಗೊರೆಯನ್ನು ಕೊಡಬಂದಾಗ, ಒಂದು ಗಡಿಯಾರವನ್ನು ಮಾತ್ರ ಸ್ವೀಕರಿಸಿದನೆಂದು ಚರಿತ್ರಕಾರರು ಬರೆದಿರುವರು.

ಮಹಾಕ್ರಾಂತಿಯ ಕಾಲದಲ್ಲಿ ಪರಿಷತ್ತು ರದ್ದಾಗಲು, ಆತನು ಬ್ಲೋವಾ ಸಮೀಪದ ತನ್ನ ಹಳ್ಳಿಯ ಮನೆಗೆ ಸರಿದು ಶೋಧನೆಯಲ್ಲಿ ನಿರತನಾದನು. 1802ರಿಂದ ಸಾರ್ವಜನಿಕ ವಿದ್ಯಾಭ್ಯಾಸದ ಇನ್‌ಸ್ಪೆಕ್ಟರನಾಗಿ ಪಾಠಶಾಲೆಗಳಿಗಾಗಿ ದುಡಿದು, 1806ನೆಯ ಆಗಸ್ಟ್ 23ರಂದು ಕಾಲಾಧೀನನಾದನು.

ಭೂಕಂಪವೂ ಬಹುಮಟ್ಟಿಗೆ ಘರ್ಷಣೆಯ ಕಾರ್ಯವೇ ಎಂದು ಮುಂದಿನ ವಿದ್ವಾಂಸರು ತಿಳಿದರು. ಭೂಗರ್ಭದ ಬಿರುಕಿನ ಎರಡು ದಡಗಳು ಒಂದನ್ನೊಂದು ಹಿಡಿದು ನಿಂತಿದ್ದು, ಒತ್ತಡವು ಹಿಡಿತವನ್ನು ಮೀರಿದಾಗ ಥಟ್ಟನೆ ಜಾರುತ್ತವೆ. ಬಂಡೆಯೊಳಗೆ ಹರಳು, ಸೀಳುಗಳು ಅಸ್ತವ್ಯಸ್ತವಾಗಿರುವುದರಿಂದ ಯಾವ ದಿನ ಎಲ್ಲಿ ಜಾರುವುದೆಂದು ಹೇಳುವಂತಿಲ್ಲ. ಆದರೂ ಸಮೂಹಕ್ಕೆ ನಿಯಮವುಂಟು: ಪ್ರಮಾಣವು ಒಂದಂಕ ಇಳಿದರೆ ಕಂಪಗಳ ಸಂಖ್ಯೆಯು ಸುಮಾರು ಹತ್ತುಮಡಿಯಾಗುವುದು.

ಹಿಂದೆ ನಮ್ಮಂತೆಯೇ ನಿಜಾಮರ ಸೀಮೆಗೆ ಸೇರಿದ್ದ ಲಾತೂರು ಪ್ರಾಂತದ ಕಿಲ್ಲಾರಿಯಲ್ಲಿ 1993ನೆಯ ಸೆಪ್ಟೆಂಬರ್ 30ರ ಮುಂಜಾವಿನಲ್ಲಿ ಭೂಮಿ ನಡುಗಿ, ಸಾವಿರಾರು ಜನರು ಮಲಗಿದ್ದಲ್ಲೇ ಮಡಿದರು. ಅವರನ್ನು ಕೊಂದದ್ದು ಹೆಚ್ಚಾಗಿ ಅವರ ಮನೆಗಳೇ. ದಪ್ಪ ಕಲ್ಲುಗೋಡೆ, ಕೆಸರಿನ ಗಾರೆ, ಮೇಲೆ ಮಣ್ಣಿನ ಭಾರದ ಮಾಳಿಗೆ. ಅಂಟು ಅತ್ಯಲ್ಪವಾಗಿ, ಉಜ್ಜಾಟವೊಂದೇ ಆಧಾರವಾಗಿತ್ತು. ಕುಷ್ಟಗಿ ಯಲಬುರ್ಗಾಗಳ ಹಳೆಯ ಮನೆಗಳೂ ಇಂಥವೇ ಅಲ್ಲವೇ? ಗೋಡೆಯ ಎರಡು ಮೈಗಳನ್ನು ಬಿಗಿಯುವ ಉದ್ದಗಲ್ಲುಗಳನ್ನು ಇಡಿಸುವುದಕ್ಕೂ, ಮಾಳಿಗೆಯ ಮಣ್ಣನ್ನು ಹಗುರಗೊಳಿಸುವುದಕ್ಕೂ ಬಹು ವೆಚ್ಚ ತಗಲದು. ಪೋಷಕರು ಇದನ್ನು ಲಕ್ಷಿಸಬೇಕೆಂದು ಬೇಡುತ್ತೇವೆ. ನಮ್ಮ ಹಳೆಯ ವಿದ್ಯಾರ್ಥಿನಿಯರಾದರೋ, ಸೆರೆಯ ಭಯಕ್ಕೂ ಲೆಕ್ಕವನ್ನು ತಿದ್ದದ ಆ ಪಂಡಿತನ ಸತ್ಯಪ್ರೀತಿಯನ್ನು ತಮ್ಮ ಮಕ್ಕಳಿಗೆ ಕಲಿಸಲೆಂದು ದೇವರನ್ನು ಪ್ರಾರ್ಥಿಸುತ್ತೇವೆ.