ಸೇವಾದಳದ ವೈದ್ಯ ಡಾ. ನಾ. ಸು. ಹರ್ಡೀಕರರು

ಹೆಗ್ಗರಣೆಯ ಸುತ್ತಲಿನ ನಮ್ಮ ಭಕ್ತರಿಗೆ ಕರನಿರಾಕರಣೆಯೆಂಬ ಮಾತು ಹೊಸದಲ್ಲ. 1930ರ ದಶಕದ ಆರಂಭದಲ್ಲಿ ಸಿದ್ದಾಪುರ ಸೀಮೆಯ ರೈತರು ಭೂಮಿಯನ್ನು ಕಳೆದುಕೊಂಡರೂ ಕೈಯೆತ್ತದೆ ನಿಂತರು. ಅಂತಹ ಸಂಯಮ ತಾನಾಗಿ ಬರುವುದಲ್ಲ, ಕಲಿಸಬೇಕಾದುದು ಎಂದು ನಂಬಿ, ಅದನ್ನು ಕಲಿಸಲೆಂದೇ ವೈದ್ಯವೃತ್ತಿಯ ಗಳಿಕೆಯನ್ನು ಬದಿಗಿಟ್ಟವರು ಡಾ. ನಾರಾಯಣ ಸುಬ್ಬರಾವ್ ಹರ್ಡೀಕರರು.

1889ರ ಮೇ 7ರಂದು ಧಾರವಾಡದಲ್ಲಿ ಜನಿಸಿದ ಅವರು ಕಲ್ಕತ್ತೆಯಲ್ಲಿ ವೈದ್ಯಶಾಸ್ತ್ರವನ್ನೂ ಅಮೆರಿಕೆಯ ಮಿಷಿಗನ್ ವಿಶ್ವವಿದ್ಯಾಲಯದಲ್ಲಿ ಸಾರ್ವಜನಿಕ ಆರೋಗ್ಯವನ್ನೂ ಅಭ್ಯಸಿಸಿದರು. ಅಲ್ಲಿ ಲಾಲಾ ಲಜಪತರಾಯರೊಡನೆ ಹೋಮ್ ರೂಲ್ ಲೀಗಿಗಾಗಿ ದುಡಿದರು. 1921ರಲ್ಲಿ ಸ್ವದೇಶಕ್ಕೆ ಮರಳಿದ ಮೇಲೆ ಹುಬ್ಬಳ್ಳಿಯೇ ಅವರ ಕಾರ್ಯಕ್ಷೇತ್ರವಾಯಿತು.

1923ರ ನಾಗಪುರ ಧ್ವಜ ಸತ್ಯಾಗ್ರಹ ಅವರ ಬಾಳಿನ ತಿರುವು. ಸೆರೆಮನೆಯ ಕಷ್ಟ ತಾಳಲಾರದೆ ಅನೇಕರು ಕ್ಷಮೆ ಬರೆದುಕೊಟ್ಟು ಹೊರಬಂದರು. ಹರ್ಡೀಕರರ ಹುಬ್ಬಳ್ಳಿಯ ತಂಡ ಬಾಗಲಿಲ್ಲ. ಆವೇಶದಿಂದ ಸೆರೆಮನೆಗೆ ಹೋಗುವುದು ಸುಲಭ, ಅಲ್ಲಿ ನಿಲ್ಲುವುದಕ್ಕೆ ಶಿಕ್ಷಣ ಬೇಕೆಂಬುದು ಆಗ ಎಲ್ಲರಿಗೂ ಕಂಡಿತು. ಅದೇ ಡಿಸೆಂಬರಿನಲ್ಲಿ ಕಾಕಿನಾಡದಲ್ಲಿ ಹಿಂದುಸ್ತಾನಿ ಸೇವಾದಳ ಸ್ಥಾಪನೆಗೊಂಡಿತು. ಜವಾಹರಲಾಲ ನೆಹರೂ ಅವರು ಅದರ ಪ್ರಥಮ ಸಮ್ಮೇಳನದ ಅಧ್ಯಕ್ಷರಾದರು.

ವಿರೋಧವೂ ಇತ್ತು. ಸಮವಸ್ತ್ರ ಧರಿಸಿ ಕವಾಯತು ಮಾಡುವ ದಳ ಅಹಿಂಸೆಗೆ ಹೊಂದುವುದೇ ಎಂಬ ಶಂಕೆ ಕಾಂಗ್ರೆಸ್ಸಿನ ಒಳಗೇ ಹುಟ್ಟಿತು. ಶಂಕೆ ಅಲಕ್ಷಿಸುವಂತಹದಲ್ಲ, ಆದರೆ ಕವಾಯತು ಕಲಿತ ಕೈ ಹೊಡೆಯಲೇಬೇಕೆಂದಿಲ್ಲವೆಂದು ನಾವು ಭಾವಿಸುತ್ತೇವೆ. ಗಾಂಧೀಜಿಯವರು ಅಧ್ಯಕ್ಷರಾಗಿದ್ದ 1924ರ ಬೆಳಗಾವಿ ಅಧಿವೇಶನದಲ್ಲಿ ದಳದವರು ಸೇವೆಗೆ ನಿಂತರು. ಉಮಾಬಾಯಿ ಕುಂದಾಪುರ ಅವರು ಮನೆಮನೆಗೆ ತೆರಳಿ ಸುಮಾರು 150 ಮಹಿಳೆಯರನ್ನು ಸ್ವಯಂಸೇವಕಿಯರನ್ನಾಗಿ ಕರೆತಂದರು. ಹೆಂಗಸರು ಹೊಸ್ತಿಲು ದಾಟುವುದೇ ದೊಡ್ಡ ಮಾತಾಗಿದ್ದ ಕಾಲವದು! 1932ರಲ್ಲಿ ಬ್ರಿಟಿಷ್ ಸರಕಾರ ದಳವನ್ನು ನಿಷೇಧಿಸಿತು.

ಹರ್ಡೀಕರರೊಳಗಿನ ವೈದ್ಯ ಮಾತ್ರ ಮರೆಯಾಗಲಿಲ್ಲ. ಗೋಕಾಕ ತಾಲೂಕಿನ ಘಟಪ್ರಭೆಯಲ್ಲಿ 1929ರಲ್ಲಿ ಆರಂಭವಾದ ಕರ್ನಾಟಕ ಆರೋಗ್ಯಧಾಮದ ಏಳಿಗೆಗೆ ಅವರು ಬಹುಕಾಲ ಶ್ರಮಿಸಿದರು. ನಗರದ ವೈದ್ಯ ಎಟುಕದ ಹಳ್ಳಿಗರಿಗೆ ಅದು ಆಸರೆಯಾಯಿತು. ಹೋರಾಟದ ಹಿರಿಮೆಯ ಮುಂದೆ ಈ ಆಸ್ಪತ್ರೆಯ ಕಾರ್ಯವನ್ನು ಚರಿತ್ರಕಾರರು ಒಂದೆರಡು ಸಾಲುಗಳಲ್ಲಿ ಮುಗಿಸುವುದು ನಮಗೆ ಸರಿಕಾಣದು.

ಸ್ವಾತಂತ್ರ್ಯಾನಂತರ 1952ರಿಂದ 1962ರವರೆಗೆ ರಾಜ್ಯಸಭೆಯ ಸದಸ್ಯರಾಗಿದ್ದರು. 1958ರಲ್ಲಿ ಪದ್ಮಭೂಷಣ ಪ್ರಶಸ್ತಿ ಸಂದಿತು. 1975ರ ಆಗಸ್ಟ್ 26ರಂದು ಅವರು ಇಹಲೋಕವನ್ನು ತ್ಯಜಿಸಿದರು. ಘಟಪ್ರಭೆಯ ಆರೋಗ್ಯಧಾಮ ಅವರ ನಂತರವೂ ರೋಗಿಗಳ ಶುಶ್ರೂಷೆಯನ್ನು ಮುಂದುವರಿಸಿತು.