ಗಣಕಕ್ಕೆ ಕನ್ನಡ ಕಲಿಸಹೊರಟ ತೇಜಸ್ವಿ

ಇಪ್ಪತ್ತೈದು ವರ್ಷಗಳ ಹಿಂದೆ ಸಿಂಧನೂರು, ಲಿಂಗಸುಗೂರು, ಮಸ್ಕಿಯಂತಹ ಊರುಗಳಲ್ಲಿ ಜನಸಾಮಾನ್ಯರು ಕಂಪ್ಯೂಟರನ್ನು ಹತ್ತಿರದಿಂದ ಕಂಡದ್ದು ಹೆಚ್ಚಾಗಿ ಡಿಟಿಪಿ ಅಂಗಡಿಗಳಲ್ಲಿ. ಲಗ್ನಪತ್ರಿಕೆಯ ಕನ್ನಡ ಪರದೆಯ ಮೇಲೆ ಅಂದವಾಗಿಯೇ ಮೂಡುತ್ತಿತ್ತು. ಅದೇ ಕಡತವನ್ನು ಫ್ಲಾಪಿಯಲ್ಲಿ ಬೇರೊಂದು ಅಂಗಡಿಗೆ ಒಯ್ದರೆ ಮಾತ್ರ ಕಾಣುತ್ತಿದ್ದುದು ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳ ರಾಶಿ. ಕಂಪ್ಯೂಟರಿನಲ್ಲಿ ಕನ್ನಡದ ಈ ದುರವಸ್ಥೆ ಭಾಷೆಯ ಅಳಿವು ಉಳಿವಿನ ಪ್ರಶ್ನೆ ಎಂದು ಕಂಡು, ಅದನ್ನು ಸಾರ್ವಜನಿಕ ಚರ್ಚೆಗೆ ತಂದ ಸಾಹಿತಿಗಳಲ್ಲಿ ಪೂರ್ಣಚಂದ್ರ ತೇಜಸ್ವಿ ಮುಖ್ಯರು.

ಕುವೆಂಪು ಅವರ ಪುತ್ರ ತೇಜಸ್ವಿ ಹುಟ್ಟಿದ್ದು 1938ರ ಸೆಪ್ಟೆಂಬರ್ 8ರಂದು. ಕನ್ನಡ ಎಂ.ಎ. ಮುಗಿಸಿದವರು ಅಧ್ಯಾಪಕ ವೃತ್ತಿ ಹಿಡಿಯದೆ ಮೂಡಿಗೆರೆಯ ಕಾಫಿ ತೋಟ ಸೇರಿದರು. ಅಲ್ಲಿಂದಲೇ 'ಕರ್ವಾಲೊ', 'ಚಿದಂಬರ ರಹಸ್ಯ' ಬಂದವು. ಮೀನು, ಹಕ್ಕಿ, ಕ್ಯಾಮೆರಾಗಳಲ್ಲಿ ಅವರಿಗಿದ್ದ ಕುತೂಹಲ ಓದುಗರಿಗೆಲ್ಲ ತಿಳಿದದ್ದೇ. ಮಿಲೆನಿಯಂ ಮಾಲಿಕೆಯಲ್ಲಿ ಬಾಹ್ಯಾಕಾಶದಿಂದ ಮಹಾಯುದ್ಧದವರೆಗಿನ ವಿಷಯಗಳನ್ನು ಶಾಲಾ ಬಾಲಕನಿಗೂ ತಿಳಿಯುವಂತೆ ಹೇಳಿದ ಲೇಖಕ, ಕಂಪ್ಯೂಟರನ್ನು ತಂತ್ರಜ್ಞರಿಗೆ ಬಿಟ್ಟುಕೊಟ್ಟು ಸುಮ್ಮನಿರುವುದು ಸಾಧ್ಯವಿರಲಿಲ್ಲ.

ತೊಡಕಿನ ಮೂಲ ಸರಳ. ಆಗಿನ ಬಹುತೇಕ ತಂತ್ರಾಂಶಗಳಲ್ಲಿ ಯಂತ್ರದ ನೆನಪಿನಲ್ಲಿ ಕನ್ನಡವೇ ಇರಲಿಲ್ಲ. ಅಲ್ಲಿದ್ದುದು ಇಂಗ್ಲಿಷ್ ಅಕ್ಷರಗಳ ಸಂಕೇತ. ಅದಕ್ಕೆ ಕನ್ನಡದ ವೇಷ ತೊಡಿಸುತ್ತಿದ್ದುದು ಫಾಂಟ್. ಒಂದೊಂದು ತಂತ್ರಾಂಶದ ವೇಷ ಒಂದೊಂದು ಬಗೆ. ಫಾಂಟ್ ಇಲ್ಲದ ಕಡೆ ವೇಷ ಕಳಚುತ್ತಿತ್ತು. ಮತದಾರರ ಪಟ್ಟಿಯನ್ನು ಅಕಾರಾದಿಯಾಗಿ ಜೋಡಿಸುವುದಾಗಲಿ, ಒಂದು ಪದವನ್ನು ಹುಡುಕುವುದಾಗಲಿ ಸಲೀಸಾಗಿ ಆಗುತ್ತಿರಲಿಲ್ಲ. ಸಾವಿರಾರು ರೂಪಾಯಿಯ ಯಂತ್ರ ಕನ್ನಡಿಗನ ಪಾಲಿಗೆ ದುಬಾರಿ ಬೆರಳಚ್ಚು ಯಂತ್ರವಾಗಿತ್ತು, ಅಷ್ಟೆ.

ಮಸ್ಕಿಯ ಬಂಡೆಯ ಕಥೆಯೂ ಇಲ್ಲಿ ನೆನಪಾಗುತ್ತದೆ. ಅಶೋಕನ ಹೆಸರಿರುವ ಆ ಶಾಸನ 1915ರಲ್ಲಿ ಬೆಳಕಿಗೆ ಬಂದಾಗ ವಿದ್ವಾಂಸರು ಅದನ್ನು ಓದಬಲ್ಲವರಾಗಿದ್ದರು. ಬ್ರಾಹ್ಮಿ ಲಿಪಿಯ ಗುಟ್ಟನ್ನು ಜೇಮ್ಸ್ ಪ್ರಿನ್ಸೆಪ್ 1837ರಲ್ಲೇ ಬಿಡಿಸಿದ್ದರು. ಎರಡು ಸಾವಿರ ವರ್ಷ ಹಳೆಯ ಕಲ್ಲಿಗೆ ದೊರೆತ ಈ ಭಾಗ್ಯ ಎರಡು ವರ್ಷ ಹಳೆಯ ಫ್ಲಾಪಿಗೆ ದೊರೆಯಲಿಲ್ಲ.

ಮಾತಾಡಿ ಸುಮ್ಮನಾಗುವ ಜಾಯಮಾನ ತೇಜಸ್ವಿಯವರದಲ್ಲ. ಜೀವಿತದ ಕೊನೆಯ ವರ್ಷಗಳಲ್ಲಿ ಅವರು ಹಂಪಿಯ ಕನ್ನಡ ವಿಶ್ವವಿದ್ಯಾಲಯದೊಡನೆ ನಿಂತು ಹೊಸದೊಂದು ತಂತ್ರಾಂಶಕ್ಕೆ ಶ್ರಮಿಸಿದರು. ಅದೇ ಕುವೆಂಪು ಕನ್ನಡ ತಂತ್ರಾಂಶ. ತಂತ್ರಾಂಶಗಳ ಬಗ್ಗೆ ನಡೆದ ವಾಗ್ವಾದಗಳಲ್ಲಿ ಅವರ ಮಾತು ಖಾರವಾಗಿಯೇ ಇತ್ತು. ಅದರಿಂದ ಕೆಲವರಿಗೆ ನೋವಾದದ್ದೂ ಉಂಟು. ಆದರೆ ಕಾದಂಬರಿಕಾರನೊಬ್ಬ ಕೀಲಿಮಣೆಗಾಗಿ ಜಗಳಕ್ಕೆ ನಿಂತದ್ದರಿಂದಲೇ ಹಲವು ಸಾಮಾನ್ಯ ಓದುಗರು ಇತ್ತ ತಿರುಗಿ ನೋಡಿದರು.

2007ರ ಏಪ್ರಿಲ್ 5ರಂದು ಮೂಡಿಗೆರೆಯ ಮನೆಯಲ್ಲಿ ಹೃದಯಾಘಾತದಿಂದ ಅವರು ನಿಧನರಾದರು. ಪ್ರತಿ ಭಾಷೆಯ ಅಕ್ಷರಕ್ಕೂ ಅದರದೇ ಸಂಕೇತ ಕೊಡುವ ಯೂನಿಕೋಡ್‌ನಲ್ಲಿ ಕನ್ನಡಕ್ಕೆ 1991ರಲ್ಲೇ ಸ್ಥಾನ ದೊರೆತಿತ್ತು. ರಾಜ್ಯ ಸರ್ಕಾರ ಅದನ್ನು ಅಧಿಕೃತ ಶಿಷ್ಟತೆಯಾಗಿ ಒಪ್ಪಿದ್ದು 2012ರಲ್ಲಿ, ತೇಜಸ್ವಿ ತೀರಿಕೊಂಡ ಐದು ವರ್ಷಗಳ ಬಳಿಕ.